ಅಂಗಡಿಯಲ್ಲೇ ಕೂತು ಯುದ್ಧ ನಡೆಸಿದ ಗವರ್ನರ್ ಬಗ್ಗೆ ಯಾರಾದರೂ ಬಲ್ಲಿರಾ?

ಹಾರ್ಟ್‌ಫರ್ಡ್ ಗೃಹಿಣಿ:
ಎಲ್ಲರಿಗೂ ನಮಸ್ಕಾರ. ಹೋದ ಭಾನುವಾರ ಅಮೆರಿಕದ ಕನೆಕ್ಟಿಕಟ್ ರಾಜ್ಯದ ಲೆಬನನ್ ಅನ್ನುವ ಊರಿಗೆ ಹೋಗಿದ್ದೆವು. ಊರ ನಡುವೆ ಉದ್ದಾನುದ್ದ ಹುಲ್ಲುಗಾವಲು. ಪಕ್ಕದಲ್ಲಿ ಪುಟ್ಟ ಮರದ ಕಟ್ಟಡ, ಹೆಸರು ‘ವಾರ್ ಆಫೀಸ್’! ಮೊದಲು ಅದು ಜೊನಾಥನ್ ಟ್ರಂಬುಲ್ ಅನ್ನುವವರ ಅಂಗಡಿಯಂತೆ, ಆಮೇಲೆ ಅವರು ಗವರ್ನರ್ ಆದರಂತೆ. ಬಾಗಿಲು ಹಾಕಿತ್ತು, ಒಳಗೆ ನೋಡಲಾಗಲಿಲ್ಲ. ವ್ಯಾಪಾರಿಗೆ ಯುದ್ಧದಲ್ಲಿ ಏನು ಕೆಲಸ?

ಮಂಡಿ ಮನೆ ಹುಡುಗ:
ಮೇಡಂ, ನಮ್ಮಪ್ಪನದು ದಿನಸಿ ಮಂಡಿ. ಅದಕ್ಕೇ ಈ ಮನುಷ್ಯ ನನಗೆ ತುಂಬಾ ಇಷ್ಟ. ಹುಟ್ಟಿದ್ದು 1710ರಲ್ಲಿ, ಅದೇ ಊರಲ್ಲಿ. ಹಾರ್ವರ್ಡ್‌ನಲ್ಲಿ ಓದಿ ಪಾದ್ರಿ ಆಗಬೇಕೆಂದಿದ್ದವರು. 1732ರಲ್ಲಿ ಒಡಹುಟ್ಟಿದವನು ಸಮುದ್ರದ ಪಾಲಾದ. ಅಪ್ಪನ ವ್ಯಾಪಾರ ಇವರ ತಲೆಗೆ ಬಂತು. ರೈತರಿಂದ ದನ ಕೊಂಡು ಬಾಸ್ಟನ್‌ಗೆ ಹೊಡೆಸುವುದು, ಹೊರಗಿನ ಬಟ್ಟೆಬರೆ, ಸಾಮಾನು ತರಿಸಿ ಅದೇ ರೈತರಿಗೆ ಉದ್ರಿ ಕೊಡುವುದು. ಆ ಉದ್ರಿಯೇ ಮುಳುಗಿಸಿತು. 1760ರ ದಶಕದಲ್ಲಿ ಬಾಕಿ ವಸೂಲಾಗಲಿಲ್ಲ, ಇವರಿಗೆ ಸಾಲ ಕೊಟ್ಟವರು ಸುಮ್ನಿರಲಿಲ್ಲ. ವ್ಯಾಪಾರ ಬಿದ್ದುಹೋಯಿತು. ಆದರೆ ಜನರ ನಂಬಿಕೆ ಬೀಳಲಿಲ್ಲ. 1769ರಲ್ಲಿ ಗವರ್ನರ್ ಆದರು, 1784ರವರೆಗೂ ಅವರೇ.

ಸ್ವಾತಂತ್ರ್ಯಕ್ಕಾಗಿ ಬ್ರಿಟಿಷರ ಮೇಲೆ ಯುದ್ಧ ಶುರುವಾದಾಗ ಆ ಅಂಗಡಿಯಲ್ಲೇ ಕೌನ್ಸಿಲ್ ಆಫ್ ಸೇಫ್ಟಿ, ಅಂದರೆ ಯುದ್ಧದ ಕೆಲಸ ನೋಡಿಕೊಳ್ಳುವ ಸಮಿತಿ, ಸೇರತೊಡಗಿತು. ನೂರಾರು ಸಭೆ ನಡೆದವು. ನನಗೆ ಇಲ್ಲೇ ಮೈ ಜುಂ ಅನ್ನುವುದು. ಯಾವ ಕೊಟ್ಟಿಗೆಯಲ್ಲಿ ಎಷ್ಟು ದನ, ಉಪ್ಪು ಯಾರ ಹತ್ತಿರ, ಪೀಪಾಯಿ ಮಾಡುವವನು ಯಾರು, ಇದೆಲ್ಲ ತಿಳಿಯಲು ಮೂವತ್ತು ವರ್ಷಕ್ಕೂ ಜಾಸ್ತಿ ಅಂಗಡಿ ನಡೆಸಿರಬೇಕು, ಅಲ್ವಾ? 1778ರ ಚಳಿಗಾಲದಲ್ಲಿ ಪೆನ್ಸಿಲ್ವೇನಿಯಾದ ವ್ಯಾಲಿ ಫೋರ್ಜ್‌ನಲ್ಲಿ ಬೀಡುಬಿಟ್ಟಿದ್ದ ವಾಷಿಂಗ್ಟನ್‌ರ ಸೈನ್ಯಕ್ಕೆ ಊಟವಿರಲಿಲ್ಲ. ಕನೆಕ್ಟಿಕಟ್‌ನಿಂದ ದನದ ಹಿಂಡುಗಳನ್ನು ನಡೆಸಿಕೊಂಡೇ ಹೋದರು, ಇನ್ನೂರು ಮೈಲಿಗೂ ಹೆಚ್ಚು ದೂರ. ಉಪ್ಪು ಹಾಕಿದ ಮಾಂಸಕ್ಕೆ ಪೀಪಾಯಿ ಬೇಕು, ಗಾಡಿ ಬೇಕು, ದಾರಿಯೂ ಚೆನ್ನಾಗಿರಬೇಕು. ದನ ತಾನೇ ನಡೆಯುತ್ತದೆ. ದನದ ವ್ಯಾಪಾರ ಮಾಡಿದವರಿಗೆ ಇದನ್ನು ಯಾರೂ ಹೇಳಿಕೊಡಬೇಕಿಲ್ಲ.

ಓದುಗ_77:
ಮಗನ ಹೆಸರು ಬಿಟ್ಟಿರಿ ಸರ್. ಜೋಸೆಫ್ ಟ್ರಂಬುಲ್ ಆ ಸೈನ್ಯದ ಮೊದಲ ಕಮಿಸರಿ ಜನರಲ್, ಅಂದರೆ ಊಟ ಒದಗಿಸುವ ಹೊಣೆ ಹೊತ್ತವರು. ಆರೋಗ್ಯ ಕೆಟ್ಟು 1778ರಲ್ಲೇ ತೀರಿಕೊಂಡರು, ಆಗ 41 ವರ್ಷ. ಇನ್ನೊಬ್ಬ ಮಗ ಜಾನ್ ಹೆಸರಾಂತ ಚಿತ್ರಕಾರ.

ಮಂಡಿ ಮನೆ ಹುಡುಗ:
ಹೌದು, ಅದನ್ನು ಬಿಡಬಾರದಿತ್ತು. ದೂರದ ಸೈನ್ಯಕ್ಕೆಲ್ಲ ದನ ಕಳಿಸಿದ ವರ್ಷವೇ ಮನೆಯಲ್ಲಿ ಮಗನ ಸಾವು. ಆಮೇಲೂ ಆರು ವರ್ಷ ಅದೇ ಕೆಲಸ ಮಾಡಿದರು. ನೆನೆಸಿಕೊಂಡರೆ ಗಂಟಲು ಕಟ್ಟುತ್ತದೆ.

ಇನ್ನೊಂದು ಮಾತು ಮೇಡಂ. 1804ರಲ್ಲಿ ಅದೇ ಲೆಬನನ್‌ನಲ್ಲಿ ವಿಲಿಯಂ ಬಕಿಂಗ್‌ಹ್ಯಾಮ್ ಹುಟ್ಟಿದರು. ಅವರೂ ವ್ಯಾಪಾರಿ, ನಾರ್ವಿಚ್‌ನಲ್ಲಿ. ಅಮೆರಿಕದ ಉತ್ತರ, ದಕ್ಷಿಣ ರಾಜ್ಯಗಳ ಅಂತರ್ಯುದ್ಧದ ಕಾಲಕ್ಕೆ ಅವರೇ ಕನೆಕ್ಟಿಕಟ್ ಗವರ್ನರ್. 1861ರಲ್ಲಿ ಶಾಸನಸಭೆ ಸೇರುವ ಮೊದಲೇ ಸೈನಿಕರಿಗೆ ಸಾಮಾನು ಬೇಕಾದಾಗ ಸ್ವಂತ ಹೆಸರಿನಲ್ಲಿ ಸಾಲ ತೆಗೆದರು.

ಹಾರ್ಟ್‌ಫರ್ಡ್ ಗೃಹಿಣಿ:
ಒಂದೇ ಊರಿಂದ ಇಬ್ಬರಾ! ಆ ಹುಲ್ಲುಗಾವಲಿನಲ್ಲಿ ಈಗಲೂ ಹುಲ್ಲು ಕೊಯ್ದು ದನಕ್ಕೆ ಒಯ್ಯುತ್ತಾರೆ ಎಂದು ಅಲ್ಲಿನ ಒಬ್ಬರು ಹೇಳಿದ್ದರು. ಮುಂದಿನ ಸಲ ಬಾಗಿಲು ತೆಗೆಯುವ ದಿನ ಕೇಳಿಕೊಂಡು ಮಾವನವರನ್ನೂ ಕರೆದುಕೊಂಡು ಹೋಗುತ್ತೇನೆ. ಅವರದೂ ಅಂಗಡಿಯೇ.