ಸ್ವಂತ ವಕೀಲಿಕೆಯೋ, ಎಪಿಪಿ (ಸಹಾಯಕ ಸರ್ಕಾರಿ ಅಭಿಯೋಜಕ) ಕೆಲಸವೋ? ಎರಡೂ ಕಂಡವರು ಹೇಳಿ

ಪ್ರಶ್ನೆ:
ತಾಲೂಕು ಕೋರ್ಟಿನಲ್ಲಿ ಜೂನಿಯರ್ ಆಗಿ ಎರಡೂವರೆ ವರ್ಷ ಆಯಿತು. ಸೀನಿಯರ್ ತಿಂಗಳಿಗೆ ಆರು ಸಾವಿರ ಕೊಡುತ್ತಾರೆ. ಅಪ್ಪ "ಎಪಿಪಿ ಪರೀಕ್ಷೆ ಬರಿಯಮ್ಮ, ಸರ್ಕಾರಿ ಕೆಲಸ" ಅಂತ ದಿನಾ ಹೇಳುತ್ತಾರೆ. ನನಗೆ ಕೋರ್ಟ್ ಇಷ್ಟ, ಆದರೆ ಸ್ವಂತ ಆಫೀಸು ಮಾಡುವ ಧೈರ್ಯ ಇಲ್ಲ. ಏನು ಮಾಡಲಿ?

ಉತ್ತರ (ಒಂಬತ್ತು ವರ್ಷ ವಕೀಲಿಕೆ ಮಾಡಿ ಈಗ ಎಪಿಪಿ ಆಗಿರುವವರು):
ತಂಗಿ, ಮೊದಲು ಇದನ್ನು ಹೇಳಿ. ನಿಮ್ಮ ಆಫೀಸಿನ ಎಷ್ಟು ವಕಾಲತ್ತಿನಲ್ಲಿ (ಕಕ್ಷಿದಾರರು ವಕೀಲರಿಗೆ ಬರೆದುಕೊಡುವ ಅಧಿಕಾರ ಪತ್ರ) ನಿಮ್ಮ ಹೆಸರಿದೆ? ಇಲ್ಲದಿದ್ದರೆ ನಾಳೆಯಿಂದಲೇ ಹಾಕಿಸಿಕೊಳ್ಳಿ. ಎಪಿಪಿ ಹುದ್ದೆಗೆ ಮೂರು ವರ್ಷದ ವಕೀಲಿಕೆ ಬೇಕು. ಸಿವಿಲ್ ಜಡ್ಜ್ ಪರೀಕ್ಷೆಗೂ 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಮೂರು ವರ್ಷದ ಷರತ್ತನ್ನು ವಾಪಸ್ ತಂದಿದೆ. ಅದಕ್ಕೆ ಹತ್ತು ವರ್ಷ ಅನುಭವ ಇರುವ ವಕೀಲರ ಸರ್ಟಿಫಿಕೇಟು ಬೇಕು, ಅದರ ಮೇಲೆ ನ್ಯಾಯಾಧೀಶರ ದೃಢೀಕರಣವೂ ಬೇಕು. ನಾನು ಮೊದಲ ಎರಡು ವರ್ಷ ಫೈಲು ಹೊತ್ತೆ, ಮುದ್ದತು (ಮುಂದಿನ ದಿನಾಂಕ) ಕೇಳಿದೆ, ಕಾಪಿ ಅರ್ಜಿ ಹಾಕಿದೆ, ಅಷ್ಟೇ. ಆರ್ಡರ್ ಶೀಟಿನಲ್ಲಿ ನನ್ನ ಹೆಸರೇ ಇರಲಿಲ್ಲ. ಆಮೇಲೆ ಅನುಭವ ತೋರಿಸಲು ಓಡಾಡಿದ್ದು ಇನ್ನೂ ನೆನಪಿದೆ.

ಸ್ವಂತ ವಕೀಲಿಕೆಯಲ್ಲಿ ನಮ್ಮ ಮನೆ ನಡೆಸಿದ್ದು ಚೆಕ್ ಬೌನ್ಸ್, ಅಪಘಾತದ ಪರಿಹಾರ, ಪಾಲಿನ ದಾವೆ. ಒಂದು ತಿಂಗಳು ಕೈತುಂಬ, ಬೇಸಿಗೆ ರಜೆಯಲ್ಲಿ ಏನೂ ಇಲ್ಲ. ಆದರೆ ಬೇಡ ಅನಿಸಿದ ಕೇಸನ್ನು ಬೇಡ ಅನ್ನಬಹುದಿತ್ತು. ಎಪಿಪಿಗೆ ಅದು ಸಾಧ್ಯವಿಲ್ಲ. ಪೊಲೀಸರ ದೋಷಾರೋಪ ಪಟ್ಟಿ ಎಷ್ಟೇ ಬಡಕಲಾಗಿರಲಿ, ಕೋರ್ಟಿಗೆ ಬಂದ ಮೇಲೆ ನಡೆಸಲೇಬೇಕು.

ಸೇರಿದ ಹೊಸದರಲ್ಲಿ ಒಂದು ಕಳ್ಳತನದ ಕೇಸು ಬಂತು. ಮಹಜರು ಸಾಕ್ಷಿ (ಪೊಲೀಸರು ಸ್ಥಳದಲ್ಲಿ ಬರೆಯುವ ಮಹಜರಿಗೆ ಸಹಿ ಹಾಕಿದವನು) ಕಟಕಟೆ ಹತ್ತಿ, ಸಹಿ ನನ್ನದೇ, ಸ್ಟೇಷನ್ನಿಗೆ ಕರೆದು ಹಾಕಿಸಿಕೊಂಡರು, ಏನು ಬರೆದಿದ್ದಾರೋ ಗೊತ್ತಿಲ್ಲ ಸ್ವಾಮಿ ಅಂದ. ಪ್ರತಿಕೂಲ ಸಾಕ್ಷಿ (ನಮ್ಮ ಕಡೆಯವನೇ ತಿರುಗಿಬಿದ್ದ ಸಾಕ್ಷಿ) ಅಂತ ಅನುಮತಿ ಪಡೆದು ಪಾಟಿ ಸವಾಲು ಮಾಡಿದೆ. ಕೇಳಿದ್ದಕ್ಕೆಲ್ಲ "ಸರಿಯಲ್ಲ" ಅನ್ನುತ್ತಲೇ ಹೋದ. ಅವನು ಸುಳ್ಳು ಹೇಳಿದನೋ, ಪೊಲೀಸರು ನಿಜಕ್ಕೂ ಸ್ಟೇಷನ್ನಿನಲ್ಲೇ ಕೂತು ಬರೆದಿದ್ದರೋ, ಎರಡೂ ಆಗುತ್ತದೆ. ಹೊರಗೆ ಬಂದರೆ ಬೆಂಚಿನ ಮೇಲೆ ಫಿರ್ಯಾದಿ ಅಜ್ಜಿ. ಎರಡೆಳೆ ಸರ ಕಳೆದುಕೊಂಡವರು. "ಏನಾಯ್ತು ಸಾರ್?" ಅಂದರು. ಆ ಅಜ್ಜಿ ನನಗೆ ವಕಾಲತ್ತು ಕೊಟ್ಟಿಲ್ಲ, ಫೀಸು ಕೊಟ್ಟಿಲ್ಲ, ಆದರೂ ಅವರ ಪಾಲಿಗೆ ಇಡೀ ಕೋರ್ಟಿನಲ್ಲಿ ಇದ್ದ ವಕೀಲ ನಾನೊಬ್ಬನೇ. ಅವತ್ತಿನಿಂದ ಹಿಂದಿನ ರಾತ್ರಿಯೇ ಫೈಲು ಓದಿಕೊಳ್ಳುತ್ತೇನೆ. ಬೆಳಗ್ಗೆ ಬಂದ ಸಾಕ್ಷಿಗಳ ಜೊತೆ ಮಾತಾಡದೆ ಒಳಗೆ ಕರೆಯುವುದಿಲ್ಲ. ಈ ಕೆಲಸವನ್ನು ಸಂಬಳಕ್ಕೆ ಮಾತ್ರ ಹಿಡಿಯಬೇಡಿ ಅಂತ ನಾನು ಹೇಳುವುದು ಇದಕ್ಕೇ. ಕಟ್ಟುಗಟ್ಟಲೆ ಕೇಸು ಇರುತ್ತದೆ, ಯಾರೂ ನಿಮ್ಮನ್ನು ಬೆನ್ನು ಹತ್ತುವುದಿಲ್ಲ, ಓದದೆ ಹೋದರೂ ದಿನ ಕಳೆಯುತ್ತದೆ. ನಷ್ಟ ಮಾತ್ರ ಆ ಬೆಂಚಿನ ಮೇಲೆ ಕೂತವರಿಗೆ.

ಇನ್ನೊಂದು ವಿಷಯ. ಎಪಿಪಿ ಆದರೆ ಜಿಲ್ಲಾ ನ್ಯಾಯಾಧೀಶರಾಗುವ ದಾರಿ ಮುಚ್ಚಿತು ಅಂತ ಕೆಲವರು ಹೇಳುತ್ತಾರೆ. ತಪ್ಪು. ಆ ನೇರ ನೇಮಕಾತಿಗೆ ಏಳು ವರ್ಷದ ವಕೀಲಿಕೆ ಬೇಕು. ಸರ್ಕಾರಿ ಅಭಿಯೋಜಕರ ಸೇವೆಯೂ ವಕೀಲಿಕೆಯೇ ಅಂತ ಸುಪ್ರೀಂ ಕೋರ್ಟ್ 2013ರಲ್ಲೇ ಹೇಳಿದೆ.

ಉತ್ತರ (ಹದಿನಾಲ್ಕು ವರ್ಷದಿಂದ ಸ್ವಂತ ಆಫೀಸು ನಡೆಸುತ್ತಿರುವವರು):
ನಾನು ಒಮ್ಮೆ ಎಪಿಪಿ ಪರೀಕ್ಷೆ ಬರೆದೆ, ಆಗಲಿಲ್ಲ. ಆ ಓದು ಮಾತ್ರ ಇವತ್ತಿಗೂ ಕೈ ಹಿಡಿದಿದೆ. ಹಾಗಾಗಿ ಪರೀಕ್ಷೆ ಬರಿಯಿರಿ, ಆದರೆ ಕೋರ್ಟಿಗೆ ಹೋಗುವುದನ್ನು ನಿಲ್ಲಿಸಿ ಕೋಚಿಂಗಿಗೆ ಕೂರಬೇಡಿ. 2024ರ ಜುಲೈ 1ರಿಂದ ಐಪಿಸಿ ಬದಲಿಗೆ ಹೊಸ ಕಾನೂನು, ಭಾರತೀಯ ನ್ಯಾಯ ಸಂಹಿತೆ, ಬಂದಿದೆ, ಅದಕ್ಕೂ ಮುಂಚಿನ ಅಪರಾಧಗಳ ಕೇಸು ಇನ್ನೂ ಐಪಿಸಿಯಲ್ಲೇ ನಡೆಯುತ್ತಿದೆ. ಎರಡೂ ಸೆಕ್ಷನ್ ಬಾಯಿಗೆ ಬರಬೇಕು, ಅದು ಕೋರ್ಟ್ ಹಾಲಿನಲ್ಲಿ ಕೂತರೆ ತಾನಾಗಿ ಬರುತ್ತದೆ. ದಿನಾ ಒಂದು ಪುಟ ಹೇಳಿಕೆಯನ್ನು ಕನ್ನಡದಿಂದ ಇಂಗ್ಲಿಷಿಗೆ ಮಾಡಿ ಅಭ್ಯಾಸ ಮಾಡಿ.

ಆರು ಸಾವಿರ ಕಡಿಮೆ, ಕೇಳಲು ಸಂಕೋಚ ಬೇಡ. ಜೂನಿಯರ್‌ಗಳಿಗೆ ಹಳ್ಳಿ ಕಡೆ ತಿಂಗಳಿಗೆ 15,000, ನಗರದಲ್ಲಿ 20,000 ಕೊಡಿ ಅಂತ ಬಾರ್ ಕೌನ್ಸಿಲ್ ಆಫ್ ಇಂಡಿಯಾ 2024ರ ಅಕ್ಟೋಬರ್‌ನಲ್ಲಿ ಸುತ್ತೋಲೆ ಕಳಿಸಿದೆ. ಕಡ್ಡಾಯ ಅಲ್ಲ, ಸಲಹೆ ಅಷ್ಟೇ. ಆದರೂ ಮಾತು ಶುರು ಮಾಡಲು ಒಂದು ಆಧಾರ ಸಿಕ್ಕಿತಲ್ವಾ? ಹಣ ಆಗದಿದ್ದರೆ ಸಣ್ಣ ಕೇಸು ಒಂದೆರಡು ನಿಮಗೇ ಬಿಡಲಿ.

ಧೈರ್ಯದ ಮಾತು. ನಾವು ಮೂವರು ಹುಡುಗಿಯರು ಸೇರಿ ಕೋರ್ಟ್ ಹಿಂದಿನ ರಸ್ತೆಯಲ್ಲಿ ಒಂದು ರೂಮು ಹಿಡಿದೆವು. ಒಂದು ಮೇಜು, ಒಬ್ಬರೇ ಟೈಪಿಸ್ಟ್. ಕಕ್ಷಿದಾರರು ಬಂದು "ವಕೀಲರು ಇಲ್ವಾ?" ಅಂತ ನಮ್ಮನ್ನೇ ಕೇಳುತ್ತಿದ್ದರು. ಮೂರನೇ ವರ್ಷದ ಹೊತ್ತಿಗೆ ಆ ಪ್ರಶ್ನೆ ನಿಂತಿತು.

ಮಧ್ಯೆ ಕಂಪನಿಗೋ ಬ್ಯಾಂಕಿಗೋ ಪೂರ್ಣಾವಧಿ ಸಂಬಳಕ್ಕೆ ಸೇರುವ ಯೋಚನೆ ಬಂದರೆ ಹುಷಾರು. ಸನ್ನದು (ವಕೀಲಿಕೆಯ ಪರವಾನಗಿ) ಅಮಾನತಿನಲ್ಲಿ ಇಡಬೇಕಾಗುತ್ತದೆ, ನಿಮ್ಮ ಮೂರು ವರ್ಷದ ಲೆಕ್ಕ ಅಲ್ಲೇ ನಿಲ್ಲುತ್ತದೆ.

ಉತ್ತರ (ಇನ್ನೊಬ್ಬರು):
ಅಪ್ಪನಿಗೆ ಇದನ್ನೂ ಹೇಳಿ. ಸರ್ಕಾರಿ ವಕೀಲರು ಅಂದರೆ ಎಲ್ಲರೂ ಒಂದೇ ಅಲ್ಲ. ಎಪಿಪಿ ಪರೀಕ್ಷೆ ಬರೆದು ಬರುವ ಕಾಯಂ ಹುದ್ದೆ, ಪಿಂಚಣಿಯೂ ಇಲಾಖೆಯ ನಿಯಮದಂತೆ. ಜಿಲ್ಲೆಯಲ್ಲಿ ಸರ್ಕಾರ ನೇಮಿಸುವ ಪ್ಲೀಡರ್‌ಗಳು ಅವಧಿಯವರು, ಸರ್ಕಾರ ಬದಲಾದರೆ ಅವರೂ ಬದಲಾಗುವುದು ಮಾಮೂಲು.

ಪ್ರಶ್ನೆ ಕೇಳಿದವರು:
ಅಣ್ಣ, ಅಕ್ಕ, ಎಲ್ಲರಿಗೂ ಥ್ಯಾಂಕ್ಸ್. ಸಂಜೆ ಡೈರಿ ತೆಗೆದು ಎಣಿಸಿದೆ. ನನ್ನ ಹೆಸರಿರುವ ವಕಾಲತ್ತು ಹನ್ನೊಂದು, ಅದರಲ್ಲಿ ನಾನೇ ಪಾಟಿ ಸವಾಲು ಮಾಡಿದ್ದು ಒಂದರಲ್ಲಿ. ಸೋಮವಾರ ಸೀನಿಯರ್ ಹತ್ತಿರ ಮೊದಲು ಕೇಸು ಕೇಳುತ್ತೇನೆ, ಆಮೇಲೆ ಹಣ.