ವಾರದ ದುಡಿಮೆಯ ಗಂಟೆಗಳನ್ನು ಹೇಗೆ ಬರೆದಿಡುತ್ತೀರಿ? ಅನುಭವ ತಿಳಿಸಿ

ಪ್ರಶ್ನೆ: ನಾನು ಏಕಕಾಲಕ್ಕೆ ಮೂವರು ಗ್ರಾಹಕರ ಕೆಲಸವನ್ನು ಗಂಟೆಯ ದರದಲ್ಲಿ ಸ್ವತಂತ್ರವಾಗಿ ಮಾಡಿಕೊಡುತ್ತೇನೆ. ವಾರದ ಕೊನೆಯಲ್ಲಿ ಕೂಡಿಸಿದಾಗ ಯಾರ ಪಾಲಿಗೆ ಎಷ್ಟು ಹೊತ್ತು ಹೋಯಿತೆಂಬುದು ತಾಳೆಯಾಗುವುದಿಲ್ಲ. ಪುಸ್ತಕವೋ ಆ್ಯಪೋ, ನೀವು ಯಾವುದನ್ನು ನೆಚ್ಚಿಕೊಂಡಿದ್ದೀರಿ?

ಅನುವಾದಕಿ: ಪುಸ್ತಕವನ್ನೇ ನೆಚ್ಚಿಕೊಂಡಿದ್ದೇನೆ, ಬಿಡುವ ಉದ್ದೇಶವೂ ಇಲ್ಲ. ಆರಂಭ, ಮುಕ್ತಾಯ, ನಡುವಿನ ವಿರಾಮ ಎಲ್ಲವನ್ನೂ ಕುರ್ಚಿಯಿಂದ ಏಳುವ ಮುನ್ನವೇ ಬರೆಯುತ್ತೇನೆ. ನಷ್ಟವಾದದ್ದು ಗ್ರಾಹಕರ ಲೆಕ್ಕಿಗರಿಂದ. ನಾನು ‘7 ಗಂಟೆ 45 ನಿಮಿಷ’ ಎಂದು ಅಕ್ಷರಸಹಿತ ಬರೆದುಕೊಟ್ಟಿದ್ದನ್ನು ಆ ಮಹಾಶಯರು 7.45 ಎಂದು ನಮೂದಿಸಿ ದರದಿಂದ ಗುಣಿಸಿದರು, ಆಗಬೇಕಾಗಿದ್ದುದು 7.75. ದಿನಕ್ಕೆ 18 ನಿಮಿಷ, ಐದು ದಿನಗಳ ವಾರಕ್ಕೆ ಒಂದೂವರೆ ಗಂಟೆ ಹೀಗೆ ಕರಗಿತು. ತೋರಿಸಿಕೊಟ್ಟಾಗ, ದಶಾಂಶದಲ್ಲೇ ಕೊಡಬೇಕಿತ್ತೆಂಬ ಉಪದೇಶ ಬಂದಿತೇ ಹೊರತು ಬಾಕಿ ಹಣ ಬರಲಿಲ್ಲ.

ತಂತ್ರಾಂಶದವರು: ಬರವಣಿಗೆಯನ್ನು ನಂಬುವವರಲ್ಲಿ ಹೆಚ್ಚಿನವರು ಶುಕ್ರವಾರ ಸಂಜೆ ಕುಳಿತು ಸೋಮವಾರವನ್ನು ಕಲ್ಪಿಸಿಕೊಳ್ಳುತ್ತಾರೆ. ನಾನು ಟೈಮರ್ ಆ್ಯಪ್ ಬಳಸುತ್ತೇನೆ. ಪ್ರತಿ ಗ್ರಾಹಕರಿಗೂ ಒಂದು ಹೆಸರು, ಕೆಲಸ ಬದಲಾದೊಡನೆ ಒಂದು ಒತ್ತು. ಊಟಕ್ಕೆ ಹೋದಾಗ ಟೈಮರ್ ಓಡುತ್ತಲೇ ಇರುವುದುಂಟು, ಆದರೆ ಕೀಲಿಮಣೆ ಸುಮ್ಮನಿದ್ದ ಹೊತ್ತನ್ನು ಗುರುತಿಸಿ ಅದನ್ನು ಕಳೆಯಬೇಕೇ ಎಂದು ಕೇಳುವ ಆ್ಯಪ್‌ಗಳಿವೆ. ಪುಸ್ತಕ ಹಾಗೆ ಕೇಳುತ್ತದೆಯೇ?

ಅನುವಾದಕಿ: ಏಳುವ ಮುನ್ನವೇ ಬರೆಯುತ್ತೇನೆಂದು ಮೇಲೆ ಹೇಳಿದ್ದೇನೆ, ದಯವಿಟ್ಟು ಓದಿ. ಕಾಗದದ ಪ್ರತಿಯನ್ನು ಮುಂದಿಟ್ಟುಕೊಂಡು ಯೋಚಿಸುವಾಗಲೂ ಕೀಲಿಮಣೆ ಸುಮ್ಮನೇ ಇರುತ್ತದೆ. ಆ ಹೊತ್ತನ್ನು ನಿಮ್ಮ ಆ್ಯಪ್ ವಿರಾಮವೆಂದೇ ಎಣಿಸುತ್ತದೆ.

ರಾತ್ರಿ ಪಾಳಿಯವರು: ಇಬ್ಬರೂ ಕೂಡುವ ಕಷ್ಟವನ್ನು ಹೇಳಲೇ ಇಲ್ಲ. ಸ್ಪ್ರೆಡ್‌ಶೀಟ್‌ನಲ್ಲಿ ನನ್ನ ವಾರದ 40 ಗಂಟೆ 30 ನಿಮಿಷ 16:30 ಎಂದು ಕಾಣಿಸುತ್ತಿತ್ತು, ಏಕೆಂದರೆ ಸಾಮಾನ್ಯ ಸಮಯ ನಮೂನೆಯು 24 ದಾಟಿದೊಡನೆ ಮತ್ತೆ ಸೊನ್ನೆಯಿಂದ ಎಣಿಸುತ್ತದೆ. ಆ ನಮೂನೆಯಲ್ಲಿ ಗಂಟೆಯನ್ನು ಸೂಚಿಸುವ h ಅಕ್ಷರವನ್ನು ಚೌಕ ಆವರಣದೊಳಗೆ, [h]:mm ಎಂದು, ಇರಿಸಿದ ಮೇಲೆ ಅದು ಸರಿಯಾಯಿತು. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗಿನ ಪಾಳಿ ಇನ್ನೂ ದೊಡ್ಡ ತಲೆನೋವು: ಮುಕ್ತಾಯದಿಂದ ಆರಂಭವನ್ನು ಕಳೆದರೆ ಋಣಸಂಖ್ಯೆ ಬರುತ್ತದೆ, ಒಂದು ದಿನವನ್ನು, ಅಂದರೆ ಸ್ಪ್ರೆಡ್‌ಶೀಟ್‌ನ ಲೆಕ್ಕದಲ್ಲಿ 1 ಅನ್ನು, ಕೂಡಿಸಿದರೆ ಮಾತ್ರ 8 ಗಂಟೆ ಸಿಗುತ್ತದೆ. ಇಷ್ಟು ಶ್ರಮಪಟ್ಟು ಒಪ್ಪಿಸಿದ ಹಾಳೆಯನ್ನು ನಮ್ಮ ಮೇಲಧಿಕಾರಿ ಕಾಲು ಗಂಟೆಯ ಲೆಕ್ಕಕ್ಕೆ ಇಳಿಸುತ್ತಿದ್ದರು. 14 ನಿಮಿಷ ಹೆಚ್ಚು ದುಡಿದರೂ ಸೊನ್ನೆ.

ವಕೀಲರ ಕಚೇರಿಯವರು: ನಮ್ಮಲ್ಲಿ ಆರು ನಿಮಿಷವೇ ಒಂದು ಘಟಕ, ಗಂಟೆಗೆ ಹತ್ತು. ದಶಾಂಶದ ಜಗಳವೇ ಹುಟ್ಟುವುದಿಲ್ಲ.

ರಾತ್ರಿ ಪಾಳಿಯವರು: ಎರಡು ನಿಮಿಷದ ಕರೆಗೂ ಆರು ನಿಮಿಷ ಬರೆಯುತ್ತೀರಲ್ಲ, ಆ ಜಗಳವನ್ನು ನಿಮ್ಮ ಕಕ್ಷಿದಾರರು ಆಡಬೇಕು.

ವಕೀಲರ ಕಚೇರಿಯವರು: ಒಪ್ಪಂದದಲ್ಲಿ ಮುಂಚೆಯೇ ತಿಳಿಸಿದ ಘಟಕವದು, ಕದ್ದು ಸೇರಿಸಿದ್ದಲ್ಲ. ನಿಮ್ಮ 14 ನಿಮಿಷ ಯಾವ ಒಪ್ಪಂದದಲ್ಲಿತ್ತು?

ತಂತ್ರಾಂಶದವರು: ಉದ್ಯೋಗಿಗಳ ದೈನಂದಿನ ಕೆಲಸದ ಅವಧಿಯನ್ನು ಅಳೆಯುವ ವಸ್ತುನಿಷ್ಠ ವ್ಯವಸ್ಥೆ ಇರಲೇಬೇಕೆಂದು 2019ರ ಮೇ ತಿಂಗಳಲ್ಲಿ ಯುರೋಪಿಯನ್ ಒಕ್ಕೂಟದ ನ್ಯಾಯಾಲಯವೇ ಹೇಳಿದೆ. ಕೈಬರಹದ ಕಾಲ ಮುಗಿಯಿತು.

ಅನುವಾದಕಿ: ಆ ತೀರ್ಪು ವ್ಯವಸ್ಥೆ ಇರಬೇಕೆಂದಿತು, ಅದು ಆ್ಯಪೇ ಆಗಬೇಕೆನ್ನಲಿಲ್ಲ, ವಿವರಗಳನ್ನು ಸದಸ್ಯ ರಾಷ್ಟ್ರಗಳಿಗೇ ಬಿಟ್ಟಿತು. ಮೇಲಾಗಿ ಅದು ಉದ್ಯೋಗಿಗಳ ಕುರಿತಾದದ್ದು, ಪ್ರಶ್ನೆ ಕೇಳಿದವರು ಯಾರ ಉದ್ಯೋಗಿಯೂ ಅಲ್ಲ.

ಪ್ರಶ್ನೆ ಕೇಳಿದವರು: ಒಬ್ಬರ ಕೆಲಸದ ನಡುವೆ ಮತ್ತೊಬ್ಬರ ಕರೆ ಬಂದರೆ ಆ ಹೊತ್ತನ್ನು ಯಾರ ಹೆಸರಿಗೆ ಬರೆಯುತ್ತೀರಿ?

ವಕೀಲರ ಕಚೇರಿಯವರು: ಕರೆ ಮಾಡಿದವರ ಹೆಸರಿಗೆ, ಆರು ನಿಮಿಷ.

ರಾತ್ರಿ ಪಾಳಿಯವರು: ಮತ್ತೆ ಶುರುವಾಯಿತು.