ಡೆನ್ವರ್ ಬ್ರಾಂಕೋಸ್ ಪಂದ್ಯಗಳನ್ನು ಟೆಕ್ಸಾಸ್‌ನಲ್ಲಿದ್ದು ರೇಡಿಯೋದಲ್ಲಿ ಕೇಳುವುದು ಹೇಗೆ?

ಪ್ರಶ್ನೆ: ಆಸ್ಟಿನ್ ವಾಸಿ

ಎಲ್ಲರಿಗೂ ನಮಸ್ಕಾರ. ಎಂ.ಎಸ್. ಓದಲು ಕೊಲರಾಡೋದ ಬೋಲ್ಡರ್‌ಗೆ ಬಂದಾಗ ಅಮೆರಿಕನ್ ಫುಟ್‌ಬಾಲ್ ಬಗ್ಗೆ ನನಗೆ ಏನೇನೂ ತಿಳಿದಿರಲಿಲ್ಲ. ಆ ಆಟವನ್ನು ನನಗೆ ಕಲಿಸಿದ್ದು ಟಿವಿಯಲ್ಲ, ಡೆನ್ವರ್‌ನ ಕೆಓಎ ಬಾನುಲಿ ಕೇಂದ್ರ. ಭಾನುವಾರ ಮಧ್ಯಾಹ್ನ ಲ್ಯಾಬಿನಲ್ಲಿ ಕೆಲಸ ಮಾಡುತ್ತ 850 ಎಎಂನಲ್ಲಿ (ಮಧ್ಯಮ ತರಂಗ) ಡೆನ್ವರ್‌ನ ಬ್ರಾಂಕೋಸ್ ತಂಡದ ಪಂದ್ಯದ ವೀಕ್ಷಕ ವಿವರಣೆ ಕೇಳುತ್ತಿದ್ದೆ. ಚೆಂಡು ಎಲ್ಲಿದೆ, ಯಾರ ಕೈಯಲ್ಲಿದೆ, ಇನ್ನೆಷ್ಟು ಗಜ ಬೇಕು ಎಂಬುದನ್ನು ಡೇವ್ ಲೋಗನ್ ಅವರು ಹೇಳುತ್ತಿದ್ದ ಕ್ರಮದಿಂದಲೇ ಆಟದ ನಿಯಮಗಳು ಒಂದೊಂದಾಗಿ ನನಗೆ ಅರ್ಥವಾಗುತ್ತ ಹೋದವು.

ಈಗ ಕೆಲಸದ ನಿಮಿತ್ತ ಟೆಕ್ಸಾಸ್‌ನ ಆಸ್ಟಿನ್‌ನಲ್ಲಿ ನೆಲೆಸಿದ್ದೇನೆ. ಇಲ್ಲಿಯ ಟಿವಿ ವಾಹಿನಿಗಳಲ್ಲಿ ಭಾನುವಾರ ಮಧ್ಯಾಹ್ನ ಬರುವುದು ಹೆಚ್ಚಾಗಿ ಡಲ್ಲಾಸ್ ಕೌಬಾಯ್ಸ್ ಮತ್ತು ಹ್ಯೂಸ್ಟನ್ ಟೆಕ್ಸಾನ್ಸ್ ಪಂದ್ಯಗಳು. ಹೊರ ಊರಿನ ಎಲ್ಲ ಪಂದ್ಯಗಳನ್ನೂ ತೋರಿಸುವ ಸಂಡೇ ಟಿಕೆಟ್‌ಗೆ ವರ್ಷಕ್ಕೆ ನೂರಾರು ಡಾಲರ್ ತೆರಬೇಕು. ಅಷ್ಟು ಕೊಟ್ಟರೂ ಮೂರು ಗಂಟೆ ಪರದೆಯ ಮುಂದೆ ಕೂರುವ ಪುರುಸೊತ್ತು ನನಗಿಲ್ಲ. ಭಾನುವಾರದ ಅರ್ಧ ದಿನ ಅಡುಗೆಮನೆಯಲ್ಲಿ, ಉಳಿದರ್ಧ ಮಗಳನ್ನು ಸಂಗೀತದ ತರಗತಿಗೆ ಕರೆದೊಯ್ಯುವ ದಾರಿಯಲ್ಲಿ ಕಳೆಯುತ್ತದೆ. ಆದ್ದರಿಂದ ನನಗೆ ಬೇಕಾಗಿರುವುದು ರೇಡಿಯೋ, ಅದರಲ್ಲೂ ಡೆನ್ವರ್‌ನವರದೇ ವಿವರಣೆ.

ನನ್ನ ಪ್ರಶ್ನೆಗಳು ಇವು. ತಂಡಗಳ ಬಾನುಲಿ ಕೇಂದ್ರಗಳು ವಾರವಿಡೀ ಇಂಟರ್ನೆಟ್‌ನಲ್ಲಿ ಕೇಳಿಸುತ್ತಿದ್ದರೂ, ಪಂದ್ಯ ಶುರುವಾದೊಡನೆ ಹೊರ ರಾಜ್ಯದವರಿಗೆ ಬೇರೆ ಯಾವುದೋ ಕಾರ್ಯಕ್ರಮ ಬರುವುದೇಕೆ? ಕಾನೂನುಬದ್ಧವಾಗಿ ಕೇಳುವ ದಾರಿ ಯಾವುದಿದೆ? 850 ಎಎಂ ಅನ್ನು ಇಲ್ಲಿಂದಲೇ ನೇರವಾಗಿ ಹಿಡಿಯಲು ಸಾಧ್ಯವೇ? ಪಂದ್ಯ ರಾಷ್ಟ್ರೀಯ ವಾಹಿನಿಯಲ್ಲಿ ಬಂದ ದಿನ ಟಿವಿಯ ದನಿ ಅಡಗಿಸಿ ರೇಡಿಯೋ ವಿವರಣೆಯೊಂದಿಗೆ ನೋಡುವವರು ಇಲ್ಲಿ ಯಾರಾದರೂ ಇದ್ದೀರಾ?

ಉತ್ತರ: ಡಲ್ಲಾಸ್ ಕನ್ನಡಿಗ

ನಿಮ್ಮ ಮೊದಲ ಪ್ರಶ್ನೆಯಿಂದ ಆರಂಭಿಸುತ್ತೇನೆ, ಏಕೆಂದರೆ ಉಳಿದದ್ದೆಲ್ಲ ಅದರ ಮೇಲೆ ನಿಂತಿದೆ. ಅಮೆರಿಕನ್ ಫುಟ್‌ಬಾಲ್ ಲೀಗ್ ಆದ ಎನ್ಎಫ್ಎಲ್‌ನ 32 ತಂಡಗಳಲ್ಲಿ ಪ್ರತಿಯೊಂದಕ್ಕೂ ಒಂದು ಮುಖ್ಯ ಬಾನುಲಿ ಕೇಂದ್ರವಿದ್ದು, ಅದರ ವಿವರಣೆಯನ್ನು ಸುತ್ತಲಿನ ಊರುಗಳ ಸಣ್ಣ ಕೇಂದ್ರಗಳು ಮರುಪ್ರಸಾರ ಮಾಡುತ್ತವೆ. ತಂಡವು ಈ ಕೇಂದ್ರಗಳಿಗೆ ಕೊಡುವುದು ಗಾಳಿಯಲ್ಲಿ ಪ್ರಸಾರ ಮಾಡುವ ಹಕ್ಕನ್ನು. ಇಂಟರ್ನೆಟ್ ಮೂಲಕ ದೇಶಕ್ಕೆಲ್ಲ ಕೇಳಿಸುವ ಹಕ್ಕನ್ನು ಲೀಗ್ ತನ್ನ ಬಳಿಯೇ ಇಟ್ಟುಕೊಂಡಿದೆ. ಆದ್ದರಿಂದ ತಂಡದ ಸ್ಥಳೀಯ ವಲಯದಾಚೆ ಇರುವವರಿಗೆ ಪಂದ್ಯದ ವೇಳೆ ಆ ಧ್ವನಿಯನ್ನು ತಡೆಯಲೇಬೇಕಾಗುತ್ತದೆ. ಇದು ಯಾವುದೋ ಒಂದು ಕೇಂದ್ರದ ನಿರ್ಧಾರವಲ್ಲ, ಎಲ್ಲ ತಂಡಗಳಿಗೂ ಅನ್ವಯಿಸುವ ಏರ್ಪಾಡು.

ಹಣ ಕೊಟ್ಟು ಕೇಳುವ ದಾರಿ ಎರಡಿವೆ. ಒಂದು, ಲೀಗ್‌ನದೇ ಆದ ಎನ್ಎಫ್ಎಲ್ ಪ್ಲಸ್. ಇದು 2022ರ ಜುಲೈನಲ್ಲಿ ಆರಂಭವಾಯಿತು. ಆಗ ತಿಂಗಳಿಗೆ 4.99 ಡಾಲರ್ ಇತ್ತು, ಆಮೇಲೆ ಏರಿದೆ. ಇದರಲ್ಲಿ ಪ್ರತಿ ಪಂದ್ಯದ ಧ್ವನಿಯೂ ನೇರವಾಗಿ ಸಿಗುತ್ತದೆ. ನಿಮ್ಮಂಥವರಿಗೆ ಮುಖ್ಯವಾದ ಸಂಗತಿಯೆಂದರೆ ಆತಿಥೇಯ ತಂಡದ ವಿವರಣೆ ಬೇಕೋ ಎದುರು ತಂಡದ್ದು ಬೇಕೋ ಎಂಬುದನ್ನು ನೀವೇ ಆರಿಸಿಕೊಳ್ಳಬಹುದು. ಇನ್ನೊಂದು, ಉಪಗ್ರಹ ರೇಡಿಯೋ ಆದ ಸಿರಿಯಸ್ ಎಕ್ಸ್ಎಂ. 2004ರ ಋತುವಿನಿಂದ ಎನ್ಎಫ್ಎಲ್ ಪಂದ್ಯಗಳು ಅದರಲ್ಲಿ ಬರುತ್ತಿವೆ. ಮಗಳ ತರಗತಿಗೆ ಕಾರಿನಲ್ಲಿ ಹೋಗುವ ನಿಮಗೆ ಇದು ಅನುಕೂಲ. ಊರ ಹೊರಗೆ ಮೊಬೈಲ್ ಸಿಗ್ನಲ್ ಇಲ್ಲದ ಹೆದ್ದಾರಿಯಲ್ಲೂ ಕೇಳಿಸುತ್ತದೆ, ಆದರೆ ನೆಲಮಾಳಿಗೆಯ ಪಾರ್ಕಿಂಗ್‌ಗೆ ಇಳಿದರೆ ಕಡಿದುಹೋಗುತ್ತದೆ. ಬರೀ ಧ್ವನಿ ಸಾಕು ಎನ್ನುವವರು ಸಂಡೇ ಟಿಕೆಟ್ ಕೊಳ್ಳುವ ಅಗತ್ಯ ಖಂಡಿತ ಇಲ್ಲ. ಅದು 1994ರಿಂದ ಡೈರೆಕ್ ಟಿವಿಯವರ ಬಳಿ ಇತ್ತು, 2023ರಿಂದ ಯೂಟ್ಯೂಬ್‌ನಲ್ಲಿದೆ. ಎರಡೂ ಕಡೆ ಅದು ಚಿತ್ರಕ್ಕಾಗಿ ಕೊಡುವ ಬೆಲೆ.

ಸೋಮವಾರ, ಗುರುವಾರ ಮತ್ತು ಭಾನುವಾರ ರಾತ್ರಿಯ ಪಂದ್ಯಗಳಿಗೆ ವೆಸ್ಟ್‌ವುಡ್ ಒನ್ ಸಂಸ್ಥೆಯ ರಾಷ್ಟ್ರೀಯ ವಿವರಣೆ ಇರುತ್ತದೆ, ಅದನ್ನು ಅನೇಕ ಊರುಗಳ ಕ್ರೀಡಾ ಬಾನುಲಿ ಕೇಂದ್ರಗಳು ಪ್ರಸಾರ ಮಾಡುತ್ತವೆ. ಅದು ಉಚಿತ, ಒಳ್ಳೆಯದೂ ಹೌದು. ಆದರೆ ಅದು ಎರಡೂ ತಂಡಗಳನ್ನು ಸಮನಾಗಿ ಕಾಣುವ ದನಿ. ನಿಮಗೆ ಬೇಕಾದ ಡೆನ್ವರ್ ದನಿ ಅಲ್ಲಿ ಸಿಗದು.

ಉತ್ತರ: ಮಧ್ಯಮ ತರಂಗ

850 ಎಎಂ ಆಸ್ಟಿನ್‌ನಲ್ಲಿ ಖಂಡಿತ ಸಿಗುತ್ತದೆ, ಆದರೆ ಕತ್ತಲಾದ ಮೇಲೆ ಮಾತ್ರ. ದೂರದ ಕೇಂದ್ರಗಳನ್ನು ಹಿಡಿಯುವುದು ನನ್ನ ಬಹುಕಾಲದ ಹವ್ಯಾಸವಾದ್ದರಿಂದ ಈ ಒಂದು ವಿಷಯವನ್ನು ಸ್ವಲ್ಪ ವಿವರವಾಗಿ ಬರೆಯಲು ಅನುಮತಿ ಕೊಡಿ.

ಹಗಲಿನಲ್ಲಿ ಅಯಾನುಗೋಳದ (ವಾತಾವರಣದ ಮೇಲ್ಭಾಗದ ವಿದ್ಯುದಾವೇಶದ ವಲಯ) ಕೆಳಪದರವಾದ ಡಿ ಪದರವು ಸೂರ್ಯನ ಬಿಸಿಲಿನಿಂದ ಸಕ್ರಿಯವಾಗಿದ್ದು, ಮೇಲಕ್ಕೆ ಏರುವ ಮಧ್ಯಮ ತರಂಗಗಳನ್ನು ಹೀರಿಬಿಡುತ್ತದೆ. ಆಗ ನಮಗೆ ಸಿಗುವುದು ನೆಲವನ್ನು ಹಿಡಿದು ಸಾಗುವ ಅಲೆ ಮಾತ್ರ. ಅದಕ್ಕೆ ಡೆನ್ವರ್‌ನಿಂದ ಆಸ್ಟಿನ್‌ವರೆಗಿನ ಸುಮಾರು 1,200 ಕಿಲೊಮೀಟರ್ ಕ್ರಮಿಸುವ ಶಕ್ತಿ ಇಲ್ಲ. ಸೂರ್ಯ ಮುಳುಗಿದೊಡನೆ ಡಿ ಪದರ ಕರಗಿಹೋಗುತ್ತದೆ. ಅದರ ಮೇಲಿನ ಪದರಗಳು ಉಳಿದಿರುವುದರಿಂದ ತರಂಗಗಳು ಅಲ್ಲಿಗೆ ತಲುಪಿ, ಬಾಗಿ, ನೂರಾರು ಮೈಲಿ ಆಚೆ ನೆಲಕ್ಕೆ ಇಳಿಯುತ್ತವೆ. ರಾತ್ರಿ ಹೀಗೆ ಒಂದರ ಮೇಲೊಂದು ಬಿದ್ದು ಗೊಂದಲವಾಗದಿರಲೆಂದು ಹೆಚ್ಚಿನ ಎಎಂ ಕೇಂದ್ರಗಳು ಸೂರ್ಯಾಸ್ತದ ನಂತರ ಶಕ್ತಿ ತಗ್ಗಿಸಬೇಕು, ಇಲ್ಲವೇ ಪ್ರಸಾರದ ದಿಕ್ಕು ಬದಲಿಸಬೇಕು ಎಂಬ ನಿಯಮವಿದೆ. ಕೆಓಎ ಮಾತ್ರ ರಾತ್ರಿಯೂ ಪೂರ್ಣ 50,000 ವಾಟ್‌ನಲ್ಲಿ ಪ್ರಸಾರ ಮಾಡಲು ಪರವಾನಗಿ ಇರುವ ಕೆಲವೇ ಕೇಂದ್ರಗಳಲ್ಲಿ ಒಂದು. ನಿಮ್ಮ ತಂಡದ ಮುಖ್ಯ ಕೇಂದ್ರವೇ ಅಂಥದ್ದಾಗಿರುವುದು ನಿಮ್ಮ ಅದೃಷ್ಟ. ಪಿಟ್ಸ್‌ಬರ್ಗ್ ಸ್ಟೀಲರ್ಸ್ ಅಭಿಮಾನಿಗಳಿಗೆ ಈ ಭಾಗ್ಯವಿಲ್ಲ, ಏಕೆಂದರೆ ಅವರ ಮುಖ್ಯ ಕೇಂದ್ರ ಎಫ್ಎಂನಲ್ಲಿದೆ, ಎಫ್ಎಂ ಅಲೆ ಸಾಮಾನ್ಯವಾಗಿ ದಿಗಂತದಾಚೆ ಹೋಗುವುದಿಲ್ಲ.

ಈಗ ಪಂದ್ಯದ ಸಮಯಕ್ಕೆ ಬರೋಣ. ಡೆನ್ವರ್‌ನಲ್ಲಿ ನಡೆಯುವ ಭಾನುವಾರದ ಪಂದ್ಯಗಳಲ್ಲಿ ಅನೇಕವು ಅಲ್ಲಿಯ ಮಧ್ಯಾಹ್ನ 2.05 ಅಥವಾ 2.25ಕ್ಕೆ, ಅಂದರೆ ನಿಮ್ಮ 3.05 ಅಥವಾ 3.25ಕ್ಕೆ ಆರಂಭವಾಗುತ್ತವೆ. ಸೆಪ್ಟೆಂಬರ್‌ನಲ್ಲಿ ಪಂದ್ಯ ಮುಗಿದರೂ ಬಿಸಿಲು ಇರುತ್ತದೆ, ಏನೂ ಕೇಳಿಸದು. ಡಿಸೆಂಬರ್‌ನಲ್ಲಿ ಮಾತ್ರ ಆಸ್ಟಿನ್‌ನಲ್ಲೂ ಡೆನ್ವರ್‌ನಲ್ಲೂ ನಿಮ್ಮ ಗಡಿಯಾರದ ಐದೂವರೆಯ ಆಸುಪಾಸಿನಲ್ಲೇ ಸೂರ್ಯ ಮುಳುಗುತ್ತಾನೆ. ಮೊದಲರ್ಧದಲ್ಲಿ ಬರೀ ಗೊರಗೊರ ಸದ್ದಿದ್ದ ಜಾಗದಲ್ಲಿ ಮೂರನೆಯ ಕ್ವಾರ್ಟರ್‌ನ ಹೊತ್ತಿಗೆ ಒಂದೆರಡು ಮಾತು ತೇಲಿ ಬಂದು ಮುಳುಗುತ್ತವೆ, ನಾಲ್ಕನೆಯ ಕ್ವಾರ್ಟರ್‌ಗೆ ಪ್ರೇಕ್ಷಕರ ಕೂಗಿನ ಸಮೇತ ಇಡೀ ಕ್ರೀಡಾಂಗಣವೇ ಎದ್ದು ನಿಲ್ಲುತ್ತದೆ. ರಾತ್ರಿಯ ಪಂದ್ಯಗಳಂತೂ ಅಕ್ಟೋಬರ್‌ನಿಂದಾಚೆಗೆ ಆರಂಭದಿಂದಲೇ ಸಿಗುತ್ತವೆ. ದನಿ ಆಗಾಗ ಕುಗ್ಗಿ ಮತ್ತೆ ಏರುತ್ತಿರುತ್ತದೆ. ಅದು ರೇಡಿಯೋದ ದೋಷವಲ್ಲ, ಬೇರೆ ಬೇರೆ ದಾರಿಯಲ್ಲಿ ಬಂದ ತರಂಗಗಳು ಒಮ್ಮೆ ಕೂಡಿಕೊಂಡು ಒಮ್ಮೆ ಒಂದನ್ನೊಂದು ಅಳಿಸಿಹಾಕುವುದರ ಫಲ.

ಸಾಧನದ ಬಗ್ಗೆ ಹೇಳುವುದಾದರೆ, ದುಬಾರಿ ಸೆಟ್ ಬೇಕಿಲ್ಲ. ಮೊದಲು ನಿಮ್ಮ ಕಾರಿನ ರೇಡಿಯೋದಲ್ಲಿ ಪ್ರಯತ್ನಿಸಿ. ಹೊರಗೆ ಆಂಟೆನಾ ಇರುವುದರಿಂದ ಮತ್ತು ಮನೆಯ ವಿದ್ಯುತ್ ಗದ್ದಲದಿಂದ ದೂರ ಇರುವುದರಿಂದ ಅನೇಕ ಕಾರುಗಳು ಎಎಂ ಅನ್ನು ಚೆನ್ನಾಗಿ ಹಿಡಿಯುತ್ತವೆ. ವಿದ್ಯುತ್ ಕಾರು ಕೊಳ್ಳುವ ಯೋಚನೆ ಇದ್ದರೆ ಅದರಲ್ಲಿ ಎಎಂ ಇದೆಯೇ ಎಂದು ಮೊದಲೇ ವಿಚಾರಿಸಿ. ಮೋಟಾರಿನ ಗದ್ದಲದ ಕಾರಣಕ್ಕೆ ಕೆಲವು ಕಂಪನಿಗಳು ಅದನ್ನು ತೆಗೆದುಹಾಕಿವೆ. ಫೋರ್ಡ್ ಕಂಪನಿಯೂ ತೆಗೆಯಲು ಹೊರಟು, 2023ರ ಮೇ ತಿಂಗಳಿನಲ್ಲಿ ಆ ನಿರ್ಧಾರವನ್ನು ಕೈಬಿಟ್ಟಿತು. ಎಎಂ ಉಳಿಯಬೇಕು ಎಂಬುದು ನನ್ನ ದೃಢವಾದ ಅಭಿಪ್ರಾಯ. ಚಂದಾ ಇಲ್ಲದೆ, ಖಾತೆ ತೆರೆಯದೆ, ಯಾರ ಅನುಮತಿಯೂ ಇಲ್ಲದೆ ಇಷ್ಟು ದೂರದಿಂದ ಬರುವ ದನಿ ಬೇರೆ ಯಾವುದಿದೆ?

ಮನೆಯಲ್ಲಿ ಕೇಳುವುದಾದರೆ ಟೆಕ್ಸನ್ ಕಂಪನಿಯ ಸಣ್ಣ ಪೋರ್ಟಬಲ್ ಸೆಟ್ ಸಾಕು. ಎಎಂಗೆ ಉದ್ದ ಕಡ್ಡಿಯ ಆಂಟೆನಾ ಎಳೆದು ಪ್ರಯೋಜನವಿಲ್ಲ. ಕೆಲಸ ಮಾಡುವುದು ಸೆಟ್ಟಿನ ಒಳಗೆ ಅಡ್ಡಲಾಗಿ ಮಲಗಿರುವ ಫೆರೈಟ್ ಕಡ್ಡಿ. ಅದರ ಅಗಲದ ಮೈ ಕೇಂದ್ರದ ದಿಕ್ಕಿಗಿದ್ದಾಗ ದನಿ ಗಟ್ಟಿಯಾಗುತ್ತದೆ, ತುದಿ ಆ ದಿಕ್ಕಿಗಿದ್ದಾಗ ಅಡಗುತ್ತದೆ. ಹಾಗಾಗಿ ಸೆಟ್ಟನ್ನು ಮೇಜಿನ ಮೇಲಿಟ್ಟು ನಿಧಾನವಾಗಿ ತಿರುಗಿಸುತ್ತ ಬನ್ನಿ. ಆಸ್ಟಿನ್‌ನಿಂದ ಡೆನ್ವರ್ ವಾಯವ್ಯಕ್ಕಿದೆ. ಅದೇ ತರಂಗಾಂತರದಲ್ಲಿ ಇನ್ನೊಂದು ಕೇಂದ್ರ ಅಡ್ಡಬಂದರೆ ಕಡ್ಡಿಯ ತುದಿಯನ್ನು ಅದರತ್ತ ತಿರುಗಿಸಿ ಅದನ್ನು ಅಡಗಿಸಬಹುದು. ಮೊಬೈಲ್ ಚಾರ್ಜರ್, ಲ್ಯಾಪ್‌ಟಾಪ್ ಅಡಾಪ್ಟರ್, ಅಗ್ಗದ ಎಲ್‌ಇಡಿ ಬಲ್ಬು ಇವನ್ನೆಲ್ಲ ಆರಿಸಿ ನೋಡಿ. ಅಡುಗೆಮನೆಯ ಒಂದೇ ಒಂದು ಬಲ್ಬು ಎಎಂನ ಎಲ್ಲ ಕೇಂದ್ರಗಳ ಪ್ರಸಾರವನ್ನೂ ಹಾಳುಮಾಡಿರುವುದನ್ನು ಕಂಡಿದ್ದೇನೆ. ರಾತ್ರಿ ವಾತಾವರಣ ತೆರೆದುಕೊಂಡಿದೆಯೇ ಎಂದು ತಿಳಿಯಲು ಮೊದಲು 870ರಲ್ಲಿ ನ್ಯೂ ಆರ್ಲಿಯನ್ಸ್‌ನ ಡಬ್ಲ್ಯುಡಬ್ಲ್ಯುಎಲ್ ಹುಡುಕಿ. ಅದು ಸೇಂಟ್ಸ್ ತಂಡದ ಕೇಂದ್ರ, ಅದಕ್ಕೂ 50,000 ವಾಟ್ ಶಕ್ತಿ. ಅದು ಸ್ಪಷ್ಟವಾಗಿದ್ದರೆ ಎರಡು ಹೆಜ್ಜೆ ಕೆಳಗಿಳಿದು 850ಕ್ಕೆ ಬನ್ನಿ.

ಉತ್ತರ: ಫಿಲಡೆಲ್ಫಿಯಾದಿಂದ ಬಂದವಳು

ಟಿವಿಯ ದನಿ ಅಡಗಿಸಿ ರೇಡಿಯೋ ಕೇಳುವವರಲ್ಲಿ ನಾನೂ ಒಬ್ಬಳು. ಫಿಲಡೆಲ್ಫಿಯಾದಲ್ಲಿ ಇದು ಬಹಳ ಮನೆಗಳ ರೂಢಿ, ಏಕೆಂದರೆ ಅಲ್ಲಿ ಮೆರಿಲ್ ರೀಸ್ ಅವರು 1977ರಿಂದ ಈಗಲ್ಸ್ ತಂಡದ ವಿವರಣೆ ಕೊಡುತ್ತಿದ್ದಾರೆ. ಅಜ್ಜ, ಅಪ್ಪ, ಮಗ ಮೂವರೂ ಒಂದೇ ದನಿಯಲ್ಲಿ ಪಂದ್ಯ ಕೇಳಿದವರು.

ತೊಂದರೆ ಇರುವುದು ಹೊಂದಾಣಿಕೆಯಲ್ಲಿ. ಗಾಳಿಯಲ್ಲಿ ಬರುವ ಎಎಂ ದನಿ ಸಾಮಾನ್ಯವಾಗಿ ಟಿವಿಗಿಂತ ಮುಂದಿರುತ್ತದೆ, ಟಚ್‌ಡೌನ್ ಆಯಿತೆಂದು ಕೇಳಿದ ಮೇಲೆ ಪರದೆಯಲ್ಲಿ ಚೆಂಡು ಎಸೆಯುವುದನ್ನು ನೋಡಬೇಕಾಗುತ್ತದೆ. ಇಂಟರ್ನೆಟ್ ಮೂಲಕ ಬರುವ ಧ್ವನಿ ಇದಕ್ಕೆ ತದ್ವಿರುದ್ಧವಾಗಿ ಹಲವು ಸೆಕೆಂಡು, ಕೆಲವೊಮ್ಮೆ ಅರ್ಧ ನಿಮಿಷಕ್ಕೂ ಹೆಚ್ಚು ಹಿಂದೆ ಬೀಳುತ್ತದೆ. ಈ ಎರಡನೆಯ ಸ್ಥಿತಿಗೆ ಪರಿಹಾರ ಸುಲಭ: ಕಿಕ್‌ಆಫ್ ಆಗುವ ಕ್ಷಣದಲ್ಲಿ ಟಿವಿಯನ್ನು ನಿಲ್ಲಿಸಿ, ರೇಡಿಯೋದಲ್ಲಿ ಚೆಂಡು ಒದ್ದ ಮಾತು ಕೇಳಿದೊಡನೆ ಮತ್ತೆ ಓಡಿಸಿ. ಜಾಹೀರಾತಿನ ವಿರಾಮದ ನಂತರ ಒಮ್ಮೆ ಸರಿಹೊಂದಿಸಿಕೊಂಡರೆ ಸಾಕು. ಆ ಮೂರು ಗಂಟೆ ಫೋನಿನ ಸ್ಕೋರ್ ಸೂಚನೆಗಳನ್ನೂ ಗೆಳೆಯರ ವಾಟ್ಸ್ಆ್ಯಪ್ ಗುಂಪನ್ನೂ ಮುಚ್ಚಿಡಿ, ಇಲ್ಲವಾದರೆ ಫಲಿತಾಂಶ ನಿಮಗಿಂತ ಮೊದಲು ನಿಮ್ಮ ಜೇಬಿಗೆ ಬಂದಿರುತ್ತದೆ.

ಹೊಸದಾಗಿ ಕೇಳುವವರಿಗಾಗಿ ಇನ್ನೊಂದು ಮಾತು ಸೇರಿಸುತ್ತೇನೆ, ಇದನ್ನು ಓದುವವರಲ್ಲಿ ಕ್ರಿಕೆಟ್ ವಿವರಣೆ ಕೇಳಿ ಬೆಳೆದವರೇ ಹೆಚ್ಚು ಎಂಬ ಭರವಸೆಯಿಂದ. ಅಲ್ಲಿ ಓವರ್, ರನ್, ವಿಕೆಟ್ ಎಂಬ ಮೂರು ಅಂಕೆಗಳನ್ನು ಮನಸ್ಸಿನಲ್ಲಿ ಹಿಡಿದಿಟ್ಟುಕೊಂಡಂತೆ, ಇಲ್ಲಿಯೂ ಮೂರು ಅಂಕೆಗಳನ್ನು ಹಿಡಿದರೆ ಪಂದ್ಯ ಕಣ್ಣಿಗೆ ಕಟ್ಟುತ್ತದೆ. ಎಷ್ಟನೆಯ ಯತ್ನ, ಇನ್ನೆಷ್ಟು ಗಜ ಬೇಕು, ಚೆಂಡು ಯಾವ ಗೆರೆಯ ಮೇಲಿದೆ. ಹತ್ತು ಗಜ ಸಾಗಲು ನಾಲ್ಕು ಯತ್ನಗಳಿರುತ್ತವೆ. ನೂರು ಗಜದ ಮೈದಾನದಲ್ಲಿ ಗೆರೆಗಳ ಎಣಿಕೆ ನಡುವಿನ ಐವತ್ತರವರೆಗೆ ಏರಿ, ಆಚೆ ಮತ್ತೆ ಇಳಿಯುತ್ತದೆ. "ಮೂರನೆಯ ಯತ್ನ, ಏಳು ಗಜ, ಚೀಫ್ಸ್ ತಂಡದ 34" ಎಂಬ ಒಂದೇ ಸಾಲಿನಲ್ಲಿ ಎಸೆತ ಬರುವ ಸಾಧ್ಯತೆ ಹೆಚ್ಚು, ಅದು ವಿಫಲವಾದರೆ ಚೆಂಡನ್ನು ಗೋಲುಕಂಬಗಳ ನಡುವೆ ಒದ್ದು ಅಂಕ ಗಳಿಸುವ ಫೀಲ್ಡ್ ಗೋಲ್ ಆದರೂ ಇದೆ ಎಂಬ ಇಡೀ ಸ್ಥಿತಿ ತಿಳಿಯುತ್ತದೆ. ಒಳ್ಳೆಯ ವಿವರಣೆಕಾರರು ಪ್ರತಿ ಕ್ವಾರ್ಟರ್‌ನ ಆರಂಭದಲ್ಲಿ ತಂಡವು ಎಡದಿಂದ ಬಲಕ್ಕೆ ಸಾಗುತ್ತಿದೆಯೋ ಬಲದಿಂದ ಎಡಕ್ಕೋ ಎಂಬುದನ್ನೂ ಹೇಳುತ್ತಾರೆ. ಅದನ್ನು ತಪ್ಪಿಸಿಕೊಳ್ಳಬೇಡಿ, ಮನಸ್ಸಿನ ಮೈದಾನಕ್ಕೆ ದಿಕ್ಕು ಸಿಗುವುದು ಅಲ್ಲಿಂದಲೇ.

ಮರುಪ್ರಶ್ನೆ: ಆಸ್ಟಿನ್ ವಾಸಿ

ಮೂವರಿಗೂ ಹೃತ್ಪೂರ್ವಕ ಧನ್ಯವಾದಗಳು. ಹಗಲಿನ ಪಂದ್ಯಗಳಿಗೆ ಎನ್ಎಫ್ಎಲ್ ಪ್ಲಸ್ ತೆಗೆದುಕೊಂಡು, ರಾತ್ರಿಯ ಪಂದ್ಯಗಳಿಗೆ 850ನ್ನೇ ಹಿಡಿಯಬೇಕೆಂದು ನಿಶ್ಚಯಿಸಿದ್ದೇನೆ. ಇನ್ನೊಂದೇ ಸಂದೇಹ. ಡಿಸೆಂಬರ್ ಕೊನೆಯಿಂದ ಕೆಲವು ವಾರ ಶಿವಮೊಗ್ಗದಲ್ಲಿ ಅಪ್ಪ ಅಮ್ಮನ ಜೊತೆ ಇರುತ್ತೇನೆ. ಅಲ್ಲಿ ಇದೇ ಚಂದಾ ನಡೆಯುತ್ತದೆಯೇ?

ಉತ್ತರ: ಡಲ್ಲಾಸ್ ಕನ್ನಡಿಗ

ನಡೆಯುವುದಿಲ್ಲ. ಎನ್ಎಫ್ಎಲ್ ಪ್ಲಸ್ ನೇರ ಪ್ರಸಾರ ಅಮೆರಿಕದೊಳಗಿನ ಬಳಕೆಗೆ ಸೀಮಿತ. ಹೊರದೇಶಗಳಿಗೆ ಲೀಗ್‌ನ ಗೇಮ್ ಪಾಸ್ ಎಂಬ ಬೇರೆ ಸೇವೆ ಇದೆ, 2023ರಿಂದ ಅದನ್ನು ಡಜೋನ್ ಸಂಸ್ಥೆ ನಡೆಸುತ್ತಿದೆ. ಅದರ ಮುಖ್ಯ ಸರಕು ಚಿತ್ರ. ಚಂದಾ ಕಟ್ಟುವ ಮುನ್ನ ನಿಮಗೆ ಬೇಕಾದ ತಂಡದ ರೇಡಿಯೋ ಧ್ವನಿ ಅದರಲ್ಲಿ ಸೇರಿದೆಯೇ ಎಂದು ಕೇಳಿಕೊಳ್ಳಿ. ಸಮಯವನ್ನೂ ಈಗಲೇ ಬರೆದಿಟ್ಟುಕೊಳ್ಳಿ: ಡೆನ್ವರ್‌ನಲ್ಲಿ ಭಾನುವಾರ ಮಧ್ಯಾಹ್ನ 2.25ಕ್ಕೆ ಶುರುವಾಗುವ ಚಳಿಗಾಲದ ಪಂದ್ಯ ಶಿವಮೊಗ್ಗದಲ್ಲಿ ಸೋಮವಾರ ನಸುಕಿನ 2.55ಕ್ಕೆ ಬೀಳುತ್ತದೆ, ಭಾನುವಾರ ರಾತ್ರಿಯ ಪಂದ್ಯವಾದರೆ ಸೋಮವಾರ ಬೆಳಗಿನ 6.50ಕ್ಕೆ, ತಿಂಡಿಯ ಹೊತ್ತಿನಲ್ಲಿ ಕೇಳಬಹುದು.